ಕೆನಡಿ ಸ್ಪೇಸ್ ಸೆಂಟರ್: ಗೈಡ್ ಟೂರ್‌ಗೆ ಬೇರೆ ದುಡ್ಡು ಕೊಡಬೇಕಾ? ಅಪ್ಪ ಅಮ್ಮನ ಜೊತೆ ಹೋಗುತ್ತಿದ್ದೇವೆ

ಟಾಂಪಾದ ಮಂಡ್ಯದವನು

ಎಲ್ಲರಿಗೂ ನಮಸ್ಕಾರ. ಅಪ್ಪ ಅಮ್ಮ ಬೆಂಗಳೂರಿನಿಂದ ಬಂದಿದ್ದಾರೆ, ಇನ್ನೂ ಆರು ವಾರ ಇರುತ್ತಾರೆ. ಡಿಸ್ನಿ ಬೇಡವೇ ಬೇಡ ಅಂತ ಅಪ್ಪ ಹೇಳಿಬಿಟ್ಟಿದ್ದಾರೆ. "ರಾಕೆಟ್ ತೋರಿಸೋದಾದ್ರೆ ಬರ್ತೀನಿ, ಇಲ್ಲಾಂದ್ರೆ ಮನೇಲೇ ಕ್ರಿಕೆಟ್ ನೋಡ್ತೀನಿ" ಅಂತ. ಅವರು ಎಚ್‌ಎಎಲ್‌ಗೆ ವೆಲ್ಡರ್ ಆಗಿ ಸೇರಿ, ಏರೋಸ್ಪೇಸ್ ಡಿವಿಷನ್‌ನಲ್ಲಿ ಸೂಪರ್‌ವೈಸರ್ ಆಗಿ ರಿಟೈರ್ ಆದವರು. ಇಸ್ರೋದ ರಾಕೆಟ್‌ಗಳಿಗೆ ಟ್ಯಾಂಕ್ ಮಾಡಿಕೊಡುವ ಜಾಗ ಅದು. ಅಮ್ಮನಿಗೆ ರಾಕೆಟ್ ಅಂದರೆ ಅಷ್ಟಕ್ಕಷ್ಟೆ. ಜೊತೆಗೆ ಮಂಡಿ ನೋವು.

ಹಾಗಾಗಿ ಇಲ್ಲೇ ಫ್ಲೋರಿಡಾದಲ್ಲಿ ನಾಸಾ ರಾಕೆಟ್ ಹಾರಿಸುವ ಕೆನಡಿ ಸ್ಪೇಸ್ ಸೆಂಟರ್‌ಗೆ ಹೋಗುತ್ತಿದ್ದೇವೆ. ಟಿಕೆಟ್‌ನಲ್ಲೇ ಒಂದು ಬಸ್ ಟೂರ್ ಬರುತ್ತದೆ. ಅದರ ಮೇಲೆ ಗೈಡ್ ಇರುವ ಟೂರ್‌ಗೆ ಬೇರೆ ದುಡ್ಡು. ನಾಲ್ಕು ಜನಕ್ಕೆ ಲೆಕ್ಕ ಹಾಕಿದರೆ ಸಣ್ಣ ಮೊತ್ತ ಅಲ್ಲ. ಹೋಗಿ ಬಂದವರು ಹೇಳಿ, ಬೇಕಾ? ಇನ್ನೊಂದು, ಅವರದು ವಿಸಿಟರ್ ವೀಸಾ. ಒಳಗೆ ಬಿಡಲು ತಕರಾರು ಇದೆಯಾ?

ಒರ್ಲ್ಯಾಂಡೊ ಅಕ್ಕ

ವಿಸಿಟರ್ ಕಾಂಪ್ಲೆಕ್ಸ್‌ಗೂ ಮಾಮೂಲಿ ಬಸ್ಸಿಗೂ ವೀಸಾ ಯಾರೂ ಕೇಳುವುದಿಲ್ಲ. ಪಕ್ಕದ ಕೇಪ್ ಕನಾವೆರಲ್ ಮಿಲಿಟರಿ ಜಾಗಕ್ಕೆ ಹೋಗುವ ಟೂರ್ ತಗೊಂಡರೆ ಗುರುತಿನ ಚೀಟಿ ನೋಡುತ್ತಾರೆ. ಪಾಸ್‌ಪೋರ್ಟ್ ಇಟ್ಟುಕೊಂಡಿರಿ.

ನಮ್ಮ ಮನೆಯಿಂದ ಒಂದು ಗಂಟೆ ದಾರಿ ಅಷ್ಟೇ. ಊರಿಂದ ಯಾರೇ ಬಂದರೂ ಅಲ್ಲಿಗೆ ಕರೆದುಕೊಂಡು ಹೋಗುವುದು ನನ್ನ ಡ್ಯೂಟಿ. ಆರು ಸಲ ಹೋಗಿದ್ದೇನೆ. ಎರಡು ಸಲ ಗೈಡ್ ಜೊತೆ, ನಾಲ್ಕು ಸಲ ಹಾಗೇ.

ಮಾಮೂಲಿ ಬಸ್ಸಿನಲ್ಲಿ ಡ್ರೈವರ್ ಮಾತಾಡುತ್ತಾರೆ, ಮೇಲೆ ಟಿವಿಯಲ್ಲಿ ವಿಡಿಯೊ ಓಡುತ್ತದೆ. ರಾಕೆಟ್ ಜೋಡಿಸುವ ದೊಡ್ಡ ಕಟ್ಟಡ ಕಿಟಕಿಯಲ್ಲಿ ಬಂತು ಅನ್ನುವಷ್ಟರಲ್ಲಿ ಹೋಯಿತು. ನಾನು ಹೋದಾಗ ಮಧ್ಯದಲ್ಲಿ ಇಳಿಸುತ್ತಿರಲಿಲ್ಲ, ಸೀದಾ ಚಂದ್ರನಿಗೆ ಜನರನ್ನು ಕಳಿಸಲು ಮಾಡಿದ ಸ್ಯಾಟರ್ನ್ 5 ರಾಕೆಟ್ ಇಟ್ಟಿರುವ ಹಾಲ್‌ಗೇ ಬಿಡುತ್ತಿದ್ದರು. ಗೈಡ್ ಟೂರ್‌ನಲ್ಲಿ ನಿಲ್ಲಿಸುತ್ತಾರೆ, ಇಳಿದು ಫೋಟೊ ತೆಗೆಯಬಹುದು, ಮುಖ್ಯವಾಗಿ ಪ್ರಶ್ನೆ ಕೇಳಬಹುದು. ನಿಮ್ಮ ಅಪ್ಪ ಕೇಳುವವರಾ, ಸುಮ್ಮನೆ ನೋಡುವವರಾ? ಅದರ ಮೇಲೆ ನಿರ್ಧಾರ ಮಾಡಿ.

ಟಾಂಪಾದ ಮಂಡ್ಯದವನು

ಅಕ್ಕ, ನಮ್ಮಪ್ಪ ಹೋಟೆಲ್‌ನಲ್ಲಿ ದೋಸೆ ಹೆಂಚಿನ ದಪ್ಪ ಎಷ್ಟು ಅಂತ ಕೇಳುವವರು.

ಒರ್ಲ್ಯಾಂಡೊ ಅಕ್ಕ

ಹಾಗಾದರೆ ದುಡ್ಡು ಕೊಡಿ 😄

ಗೋಲಗುಮ್ಮಟ

ಆ ದೊಡ್ಡ ಕಟ್ಟಡದ ಬಗ್ಗೆ ಒಂದು ಮಾತು. ವೆಹಿಕಲ್ ಅಸೆಂಬ್ಲಿ ಬಿಲ್ಡಿಂಗ್, ವಿಎಬಿ ಅಂತಾರೆ. ಎತ್ತರ 160 ಮೀಟರ್. ನಮ್ಮ ವಿಜಯಪುರದ ಗೋಲಗುಮ್ಮಟ ಸುಮಾರು 51 ಮೀಟರ್. ಮೂರು ಗುಮ್ಮಟ ಒಂದರ ಮೇಲೊಂದು ಇಟ್ಟರೂ ವಿಎಬಿಯೇ ಸ್ವಲ್ಪ ಎತ್ತರ. ಆದರೆ ದೂರದಿಂದ ನೋಡಿದರೆ ಗೊತ್ತೇ ಆಗುವುದಿಲ್ಲ. ಸುತ್ತ ಪಕ್ಕದಲ್ಲಿ ಹೋಲಿಸಲು ಏನೂ ಇಲ್ಲ, ಬಯಲು, ನೀರು, ಹುಲ್ಲು. ನಾನು ಮೊದಲ ಸಲ ನೋಡಿದಾಗ "ಇಷ್ಟೇನಾ" ಅಂದುಕೊಂಡೆ.

ಎರಡನೇ ಸಲ ಗೈಡ್ ಇದ್ದರು. ಅವರು ಅಂಕಿ ಹೇಳಲಿಲ್ಲ. "ಗೋಡೆಯ ಮೇಲಿನ ಬಾವುಟ ನೋಡಿ. ಅದರಲ್ಲಿ ಒಂದೊಂದು ನಕ್ಷತ್ರ ಆರು ಅಡಿ" ಅಂದರು. ಆಮೇಲೆ ಬಾಗಿಲು ತೋರಿಸಿದರು. ಆ ಬಾಗಿಲು ಪೂರ್ತಿ ತೆರೆಯಲು ಮುಕ್ಕಾಲು ಗಂಟೆ ಬೇಕಂತೆ. ಆವಾಗ ತಲೆಗೆ ಹೋಯಿತು. 30-40 ಸೆಕೆಂಡ್‌ನಲ್ಲಿ ಹೇಳಿದ ಮಾತು, ಅದಕ್ಕೇ ಕೊಟ್ಟ ದುಡ್ಡು ವಸೂಲಿ ಅನ್ನಿಸಿತು ನನಗೆ.

ಕುಡ್ಲದ ಮೀನು

ವಿಎಬಿ ಒಳಗೆ ಹೋಗಬಹುದಲ್ವಾ? ನಮ್ಮ ಭಾವ ಒಳಗೆ ನಿಂತ ಫೋಟೊ ಕಳಿಸಿದ್ದರು.

ಗೋಲಗುಮ್ಮಟ

ಯಾವ ವರ್ಷ? ಸ್ಪೇಸ್ ಷಟಲ್ ಅನ್ನುವ ಗಗನನೌಕೆಗಳ ಹಾರಾಟ ನಿಂತ ಮೇಲೆ 2011ರ ಕೊನೆಯಿಂದ 2014ರ ಫೆಬ್ರವರಿವರೆಗೆ ಒಳಗೆ ಬಿಡುತ್ತಿದ್ದರು. ಹೊಸ ರಾಕೆಟ್ ಕೆಲಸಕ್ಕೆ ಜಾಗ ಬೇಕಾಯಿತು, ನಿಲ್ಲಿಸಿದರು.

ಕುಡ್ಲದ ಮೀನು

2013 ಮಾರಾಯ್ರೇ. ಭಾವನ ಅದೃಷ್ಟ.

ಡಾಲಸ್ ದೊಡ್ಡಪ್ಪ

ನನ್ನ ಅನುಭವ ಸ್ವಲ್ಪ ಬೇರೆ. ಒಬ್ಬ ಟ್ರಾವೆಲ್ ಏಜೆಂಟ್ ಹತ್ತಿರ ಪ್ಯಾಕೇಜ್ ತಗೊಂಡೆವು. "ಎಕ್ಸ್‌ಪರ್ಟ್ ಗೈಡ್ ಇರುತ್ತಾರೆ" ಅಂದಿದ್ದ. ಗೈಡ್ ಅಂದರೆ ವ್ಯಾನ್ ಓಡಿಸುವ ಹುಡುಗ. ಗೇಟಿನ ಹತ್ತಿರ ಇಳಿಸಿ "ಐದು ಗಂಟೆಗೆ ಬನ್ನಿ" ಅಂತ ಹೊರಟೇಬಿಟ್ಟ. ಗೈಡ್ ಟೂರ್ ಬೇಕಿದ್ದರೆ ನೇರ ಸೆಂಟರ್‌ನವರ ಹತ್ತಿರವೇ ಬುಕ್ ಮಾಡಿ. ಸೀಟು ಕಮ್ಮಿ, ಬೇಗ ಮುಗಿಯುತ್ತದೆ.

ಅವತ್ತು ಹೊಟ್ಟೆ ಉರಿದುಕೊಂಡು ರಾಕೆಟ್ ಗಾರ್ಡನ್‌ನಲ್ಲಿ ಕೂತಿದ್ದೆವು. ಅಲ್ಲಿ ಹಳೆಯ ರಾಕೆಟ್‌ಗಳನ್ನು ತೆಂಗಿನ ತೋಟದ ಥರ ನೆಟ್ಟಿದ್ದಾರೆ. ಮರ್ಕ್ಯುರಿ ರೆಡ್‌ಸ್ಟೋನ್, ಅಟ್ಲಾಸ್, ಜೆಮಿನಿ ಟೈಟನ್. ಸ್ಯಾಟರ್ನ್ 1ಬಿ ಮಾತ್ರ ಮಲಗಿದೆ. ಅಷ್ಟರಲ್ಲಿ ಒಬ್ಬ ವಯಸ್ಸಾದವರು ಬಂದು ಸುತ್ತ ಹತ್ತು ಜನರನ್ನು ಸೇರಿಸಿಕೊಂಡು ಒಂದೊಂದರ ಕತೆ ಶುರು ಮಾಡಿದರು. ಅದು ಟಿಕೆಟ್‌ನಲ್ಲೇ ಇತ್ತು, ಪುಕ್ಕಟೆ. ಅಮೆರಿಕದವರು ಮೊದಲು ಮನುಷ್ಯನನ್ನು ಕಳಿಸಿದ ರಾಕೆಟ್ ಮುಂದೆ ನಿಂತಿದ್ದೇವೆ, ಬುಡದಲ್ಲಿ ನಮ್ಮೂರಿನ ನೀರಿನ ಟ್ಯಾಂಕರ್‌ಗಿಂತ ದಪ್ಪ ಇಲ್ಲ. ಇದರ ಮೇಲೆ ಕೂತು ಹೋದರಾ ಅಂತ ಭಯ ಆಯಿತು. ಅದು ಕತೆ ಕೇಳಿದ ಮೇಲೆ ಬಂದ ಭಯ. ಬೋರ್ಡ್ ಓದಿದಾಗ ಬಂದಿರಲಿಲ್ಲ.

ಪೀಣ್ಯ ಸೆಕೆಂಡ್ ಸ್ಟೇಜ್

ಅಮೆರಿಕಕ್ಕೆ ಯಾಕೆ, ತಿರುವನಂತಪುರದ ತುಂಬಾಗೆ ಕರೆದುಕೊಂಡು ಹೋಗಿ ನಿಮ್ಮ ಅಪ್ಪನ್ನ. ಸೇಂಟ್ ಮೇರಿ ಮ್ಯಾಗ್ಡಲೀನ್ ಚರ್ಚ್ ಈಗ ಸ್ಪೇಸ್ ಮ್ಯೂಸಿಯಂ. 1963ರ ನವೆಂಬರ್ 21ರಂದು ನಮ್ಮ ನೆಲದಿಂದ ಮೊದಲ ರಾಕೆಟ್ ಹಾರಿದ್ದು ಅಲ್ಲಿಂದಲೇ. ಎತ್ತಿನ ಗಾಡಿಯಲ್ಲಿ ರಾಕೆಟ್ ಹೊತ್ತ ಜಾಗ ಅದು.

ಹಾಸನದ ಆಂಟೆನಾ

ಸರ್, ಎತ್ತಿನ ಗಾಡಿ ತುಂಬಾದ್ದಲ್ಲ. ಈ ತಪ್ಪು ಎಲ್ಲರೂ ಮಾಡುತ್ತಾರೆ. ತುಂಬಾದ ಫೋಟೊದಲ್ಲಿ ಇರುವುದು ಸೈಕಲ್, ಕ್ಯಾರಿಯರ್ ಮೇಲೆ ರಾಕೆಟ್‌ನ ಮೂತಿ. ಎತ್ತಿನ ಗಾಡಿಯ ಫೋಟೊ ನಮ್ಮ ಬೆಂಗಳೂರಿನದು, 1981ರ ಇಸ್ರೋದ ಆಪಲ್ ಉಪಗ್ರಹದ್ದು. ಅದೂ ಬಡತನಕ್ಕೆ ಅಲ್ಲ. ಆಂಟೆನಾ ಪರೀಕ್ಷೆ ಮಾಡಬೇಕಿತ್ತು. ಲಾರಿ ಮೇಲೆ ಇಟ್ಟರೆ ಲಾರಿಯ ಕಬ್ಬಿಣವೇ ಅಡ್ಡ ಬರುತ್ತದೆ. ಮರದ ಗಾಡಿ ಆದರೆ ಆ ತೊಂದರೆ ಇಲ್ಲ. ಬುದ್ಧಿ ಓಡಿಸಿ ಮಾಡಿದ ಕೆಲಸ ಅದು, ವಾಟ್ಸಾಪ್‌ನಲ್ಲಿ ಮಾತ್ರ ಬಡತನದ ಕತೆಯಾಗಿ ಓಡಾಡುತ್ತಿದೆ.

ತುಂಬಾ ಮ್ಯೂಸಿಯಂ ಚೆನ್ನಾಗಿದೆ, ಒಪ್ಪುತ್ತೇನೆ. ಆದರೆ ಕೇಳಿದವರು ಟಾಂಪಾದಲ್ಲಿ ಇದ್ದಾರೆ!

ಪೀಣ್ಯ ಸೆಕೆಂಡ್ ಸ್ಟೇಜ್

ಸರಿ ಸರ್, ತಿದ್ದಿಕೊಂಡೆ. ಆದರೆ ಆರ್ಯಭಟ ಉಪಗ್ರಹ ನಮ್ಮ ಪೀಣ್ಯದ ಶೆಡ್‌ಗಳಲ್ಲೇ ಆಗಿದ್ದು, ಅದನ್ನಾದರೂ ಬಿಟ್ಟುಕೊಡಿ 🙂

ಹಾಸನದ ಆಂಟೆನಾ

ಅದು ನೂರಕ್ಕೆ ನೂರು ನಿಮ್ಮದೇ. 1975.

ಬೇ ಏರಿಯಾ ಬಿಸಿಬೇಳೆ

ಅಟ್ಲಾಂಟಿಸ್ ಬಗ್ಗೆ ಯಾರೂ ಹೇಳಲಿಲ್ಲವಲ್ಲ. ನಿಜವಾಗಿ 33 ಸಲ ಹೋಗಿ ಬಂದ ಷಟಲ್. ಒಳಗೆ ಹೋಗುವಾಗ ಮೊದಲು ಒಂದು ಸಿನಿಮಾ ತೋರಿಸುತ್ತಾರೆ. ಅದು ಮುಗಿದ ತಕ್ಷಣ ಆ ಪರದೆ

ಒರ್ಲ್ಯಾಂಡೊ ಅಕ್ಕ

ಏಯ್ ಏಯ್, ಅಲ್ಲಿಗೇ ನಿಲ್ಲಿಸಿ! ಅದನ್ನು ಹೇಳಿದರೆ ಮಜಾ ಹೋಯಿತು.

ಬೇ ಏರಿಯಾ ಬಿಸಿಬೇಳೆ

ಸಾರಿ ಅಕ್ಕ 🙏 ಬೇರೆ ಹೇಳುತ್ತೇನೆ. ಷಟಲನ್ನು ನೆಟ್ಟಗೆ ಇಟ್ಟಿಲ್ಲ, 43.21 ಡಿಗ್ರಿ ಓರೆಯಾಗಿ ತೂಗುಹಾಕಿದ್ದಾರೆ. ನಾಲ್ಕು, ಮೂರು, ಎರಡು, ಒಂದು, ಕೌಂಟ್‌ಡೌನ್! ನನಗೆ ಇದು ಹೊಳೆದೇ ಇರಲಿಲ್ಲ, ಅಲ್ಲಿ ನಿಂತಿದ್ದ ಅಜ್ಜ ಹೇಳಿದರು. ಹೊಟ್ಟೆಯ ಕಡೆ ಇರುವ ಕಪ್ಪು ಟೈಲ್ಸ್ ಮೇಲೆ ಬಿಳಿ ಗೆರೆಗಳಿವೆ. ತೊಳೆದಿಲ್ಲ. 2011ರ ಜುಲೈನಲ್ಲಿ ಕೊನೆಯ ಸಲ ಇಳಿದಾಗ ಹೇಗಿತ್ತೋ ಹಾಗೇ. ಒಂದೊಂದು ಟೈಲ್‌ಗೂ ಒಂದೊಂದು ನಂಬರ್, ಒಂದರ ಜಾಗದಲ್ಲಿ ಇನ್ನೊಂದು ಕೂರುವುದಿಲ್ಲ.

ಆ ಅಜ್ಜ ಟೈಲ್ ಕೆಲಸದಲ್ಲೇ ಇದ್ದವರಂತೆ. ನಮ್ಮ ಮಗಳು "ನೀವು ಅಂಟಿಸಿದ್ದು ಯಾವುದು" ಅಂತ ಕೇಳಿದ್ದಕ್ಕೆ ಬೆರಳು ತೋರಿಸಿ "ಅಗೋ ಅಲ್ಲಿ" ಅಂದರು. ನಿಜವೋ ತಮಾಷೆಯೋ ಗೊತ್ತಾಗಲಿಲ್ಲ. ಮಗಳು ಮಾತ್ರ ಅದರದ್ದೇ ಹತ್ತು ಫೋಟೊ ತೆಗೆದಳು.

ಧಾರವಾಡ ಪೇಡಾ

ಗೈಡ್ ಟೂರ್ ತಗೊಂಡರೆ 39ಎ ಲಾಂಚ್ ಪ್ಯಾಡ್ ಕಡೆ ಚೆನ್ನಾಗಿ ನೋಡಿ. ಅಪೊಲೊ 11 ಹೋಗಿದ್ದು ಅಲ್ಲಿಂದ, 1969ರ ಜುಲೈ 16. ಈಗ ಸ್ಪೇಸ್‌ಎಕ್ಸ್‌ನವರಿಗೆ ಬಾಡಿಗೆಗೆ ಕೊಟ್ಟಿದ್ದಾರೆ. 2025ರ ಜೂನ್ 25ಕ್ಕೆ ಶುಭಾಂಶು ಶುಕ್ಲಾ ಹೊರಟಿದ್ದೂ ಅಲ್ಲಿಂದಲೇ. ಅವರ ಜೊತೆ ನಮ್ಮ ಧಾರವಾಡ ಕೃಷಿ ವಿಶ್ವವಿದ್ಯಾಲಯದ ಹೆಸರುಕಾಳು, ಮೆಂತ್ಯ ಹೋಗಿದ್ದವು, ಅಲ್ಲಿ ಮೊಳಕೆ ಬರಿಸಲು. ಇದನ್ನು ಯಾವ ಗೈಡೂ ಹೇಳುವುದಿಲ್ಲ. ನೀವೇ ಅವರಿಗೆ ಹೇಳಿ!

ಹ್ಯೂಸ್ಟನ್ ಹುಬ್ಬಳ್ಳಿ

ಒಂದು ತಕರಾರು. ಸ್ಯಾಟರ್ನ್ 5 ಈಗ ಪೂರ್ತಿಯಾಗಿ ಉಳಿದಿರುವುದು ಮೂರೇ ಜಾಗದಲ್ಲಿ. ಫ್ಲೋರಿಡಾ, ಹ್ಯೂಸ್ಟನ್, ಅಲಬಾಮಾದ ಹಂಟ್ಸ್‌ವಿಲ್. ಅದರಲ್ಲಿ ಎಲ್ಲ ಹಂತಗಳೂ ಹಾರಲೆಂದೇ ಮಾಡಿದ್ದು ನಮ್ಮ ಹ್ಯೂಸ್ಟನ್‌ದು ಮಾತ್ರ. ಕೆನಡಿಯದರ ಮೊದಲ ಹಂತ ಪರೀಕ್ಷೆಗೆ ಮಾಡಿದ್ದು. ಅಪ್ಪ ವೆಲ್ಡರ್ ಅಂದಿರಲ್ಲ, ಅದಕ್ಕೆ ಹೇಳಿದೆ. ಇಂಥವರಿಗೆ ವ್ಯತ್ಯಾಸ ಮುಖ್ಯ.

ಒರ್ಲ್ಯಾಂಡೊ ಅಕ್ಕ

ಹ್ಯೂಸ್ಟನ್‌ನವರು ಬಂದರು ನೋಡಿ 😄 ಆದರೆ ಅವರ ಮಾತು ಸರಿ.

ಟಾಂಪಾದ ಮಂಡ್ಯದವನು

ಎಲ್ಲರಿಗೂ ಥ್ಯಾಂಕ್ಸ್. ನಾಲ್ಕು ಜನಕ್ಕೂ ಗೈಡ್ ಟೂರ್ ಬುಕ್ ಮಾಡಿದೆ. ಶನಿವಾರ ಹೋಗುತ್ತೇವೆ. ಬಂದು ಬರೆಯುತ್ತೇನೆ.

ಕುಡ್ಲದ ಮೀನು

ಬರೆಯುತ್ತೇನೆ ಅಂದವರು ಯಾರೂ ಬರೆದದ್ದಿಲ್ಲ ಇಲ್ಲಿ. ನೋಡೋಣ.

ಟಾಂಪಾದ ಮಂಡ್ಯದವನು

ಬರೆದೆ ನೋಡಿ, ಕುಡ್ಲದವರೇ.

ಬೆಳಿಗ್ಗೆ ಆರಕ್ಕೆ ಹೊರಟೆವು. ಅಮ್ಮ ಪುಳಿಯೋಗರೆ, ಚಟ್ನಿಪುಡಿ, ಮೊಸರನ್ನ ಎಲ್ಲ ಕಟ್ಟಿದ್ದರು. ಬಾಗಿಲು ತೆರೆಯುವ ಹೊತ್ತಿಗೇ ಅಲ್ಲಿದ್ದೆವು. ಒಳಗೆ ಹೋಗುವ ಮುಂಚೆಯೇ ಒಂದು ಹಳೆಯ ಕೌಂಟ್‌ಡೌನ್ ಗಡಿಯಾರ ಇದೆ, ಟಿವಿಯಲ್ಲಿ ರಾಕೆಟ್ ಹಾರುವಾಗ ಹುಲ್ಲಿನ ಮೇಲೆ ಕಾಣುತ್ತಿತ್ತಲ್ಲ, ಅದೇ. ಅಪ್ಪ ಅದರ ಮುಂದೆ ಫೋಟೊ ತೆಗೆಸಿಕೊಂಡರು. ಅವರು ಸಾಮಾನ್ಯವಾಗಿ ಫೋಟೊಗೆ ನಿಲ್ಲುವವರಲ್ಲ.

ಗೈಡ್ ಒಬ್ಬ ಹೆಂಗಸು, ನಲವತ್ತರ ಆಸುಪಾಸು. ಮೈಕ್ ಹಿಡಿದು ನಗುನಗುತ್ತಾ ಮಾತಾಡುತ್ತಾರೆ. ಸ್ವಲ್ಪ ಹೊತ್ತು ರಾಕೆಟ್‌ಗಿಂತ ಪ್ರಾಣಿಗಳೇ ಜಾಸ್ತಿ. ಆ ಜಾಗ ಎಲ್ಲ ವನ್ಯಜೀವಿ ಧಾಮವಂತೆ. ರಸ್ತೆ ಪಕ್ಕದ ಕಾಲುವೆಯಲ್ಲಿ ಮೊಸಳೆ ಜಾತಿಯ ಅಲಿಗೇಟರ್ ಮಲಗಿತ್ತು. ಹದ್ದಿನ ಗೂಡು ಒಂದು ಇದೆ, ಮಂಚದಷ್ಟು ದೊಡ್ಡದು. ಅಮ್ಮ ಆವಾಗಲೇ ಟೂರ್‌ಗೆ ಪೂರ್ತಿ ಮಾರ್ಕ್ಸ್ ಕೊಟ್ಟುಬಿಟ್ಟರು.

ವಿಎಬಿ ಮುಂದೆ ಇಳಿಸಿದರು. ನಕ್ಷತ್ರ ಆರು ಅಡಿ ಅಂತ ಅಮ್ಮನಿಗೆ ಹೇಳಿದೆ. "ನನಗಿಂತ ಉದ್ದನಾ" ಅಂದರು. ಅಷ್ಟೇ, ಬೇರೆ ಏನೂ ಕೇಳಲಿಲ್ಲ, ಆದರೆ ಬಸ್ ಹೊರಡುವವರೆಗೂ ಕತ್ತು ಎತ್ತಿಕೊಂಡೇ ಇದ್ದರು.

ಅಪ್ಪನಿಗೆ ಹಿಡಿಸಿದ್ದು ಕ್ರಾಲರ್. ರಾಕೆಟನ್ನು ನಿಲ್ಲಿಸಿಕೊಂಡೇ ಪ್ಯಾಡ್‌ವರೆಗೆ ಹೊತ್ತು ಹೋಗುವ ಗಾಡಿ. 1965ರಲ್ಲಿ ಮಾಡಿದ್ದು, ಇವತ್ತಿಗೂ ಅದೇ ಓಡುತ್ತಿದೆ. ಗಾಡಿಯ ತೂಕವೇ 2,700 ಟನ್ನಿಗೂ ಮೇಲೆ. ರಾಕೆಟ್ ಹೊತ್ತಾಗ ಗಂಟೆಗೆ ಒಂದು ಮೈಲಿ. ನಾವು ನಡೆದರೆ ಮುಂದೆ ಹೋಗಿಬಿಡುತ್ತೇವೆ. ದಾರಿಗೆ ಡಾಂಬರು ಇಲ್ಲ, ಹೊಳೆಯ ಉರುಟು ಕಲ್ಲು ಹಾಸಿದ್ದಾರೆ. ಯಾಕೆ ಅಂತ ಅಪ್ಪ ಕನ್ನಡದಲ್ಲಿ, ನಾನು ಇಂಗ್ಲಿಷ್‌ನಲ್ಲಿ. ಅಷ್ಟು ಭಾರ ತಿರುಗುವಾಗ ಡಾಂಬರು ಕಿತ್ತು ಬರುತ್ತದೆ, ಉರುಟು ಕಲ್ಲಾದರೆ ಜಾರಿಕೊಡುತ್ತದೆ, ಕಿಡಿಯೂ ಕಮ್ಮಿ ಅಂದರು ಗೈಡ್. "ರಥದ ದಾರಿಗೆ ಮರಳು ಹಾಕಿದ ಹಾಗೆ" ಅಂದರು ಅಪ್ಪ. ಅದನ್ನು ನಾನು ಇಂಗ್ಲಿಷ್‌ಗೆ ತರಲು ಹೋಗಿ ಸೋತೆ.

ಆಮೇಲೆ ಅಪ್ಪ ಟ್ಯಾಂಕಿನ ಪ್ರಶ್ನೆ ಕೇಳಿದರು. ಸ್ಯಾಟರ್ನ್‌ನ ಟ್ಯಾಂಕಿಗೆ ಯಾವ ಅಲ್ಯೂಮಿನಿಯಂ, ಬೆಸುಗೆ ಹೇಗೆ ಪರೀಕ್ಷೆ ಮಾಡಿದರು ಅಂತ. ಗೈಡ್ ಒಂದು ಕ್ಷಣ ಸುಮ್ಮನಿದ್ದು "ನನಗೆ ಗೊತ್ತಿಲ್ಲ" ಅಂದರು. ನನಗೆ ಮುಜುಗರ. ಅವರಿಗೆ ಇಲ್ಲ. "ಸ್ಯಾಟರ್ನ್ ಹಾಲ್‌ನಲ್ಲಿ ಒಬ್ಬರಿದ್ದಾರೆ, ಅವರನ್ನು ಕೇಳಿ" ಅಂತ ಕಳಿಸಿದರು.

ಹಾಲ್‌ಗೆ ಹೋಗುವ ಮುಂಚೆ ಅಪೊಲೊ 8ರ ಕಂಟ್ರೋಲ್ ರೂಮ್ ತೋರಿಸುತ್ತಾರೆ. ಅಂದಿನದೇ ಮೇಜುಗಳು. ರಾಕೆಟ್ ಹೊರಡುವ ಸದ್ದಿಗೆ ಕಿಟಕಿ ಗಾಜು ಗಡಗಡ ಅನ್ನುತ್ತದೆ. ಬಾಗಿಲು ದಾಟಿದರೆ ನೇರ ರಾಕೆಟ್‌ನ ಬುಡ, ಐದು ಎಂಜಿನ್. ನಾನು ಫೋನ್ ತೆಗೆದೆ, ಅಪ್ಪ ಎಂಜಿನ್ ಬಾಯಿಯ ಕೆಳಗೆ ಹೋಗಿ ನಿಂತರು.

ಗೈಡ್ ಹೇಳಿದವರು ಸಿಕ್ಕರು. ಎಂಬತ್ತು ದಾಟಿರಬೇಕು, ಕುತ್ತಿಗೆಗೆ ಬ್ಯಾಡ್ಜ್, ಕಿವಿಗೆ ಮೆಷಿನ್. ಅವರು ಮೊದಲು ಎಂಜಿನ್ ತೋರಿಸಿದರು. ಆ ಗಂಟೆಯಾಕಾರದ ಮೇಲುಭಾಗದ ಗೋಡೆ ತಗಡಿನದ್ದಲ್ಲ. ಸಣ್ಣ ಸಣ್ಣ ಕೊಳವೆಗಳನ್ನು ಒತ್ತೊತ್ತಾಗಿ ನಿಲ್ಲಿಸಿ, ಕುಲುಮೆಯಲ್ಲಿ ಬೆಸೆದದ್ದು. ಒಳಗೆ ಉರಿಯುವ ಸೀಮೆಎಣ್ಣೆಯೇ ಉರಿಯುವ ಮುಂಚೆ ಆ ಕೊಳವೆಗಳಲ್ಲಿ ಹರಿದು ಗೋಡೆಯನ್ನು ತಣ್ಣಗಿಡುತ್ತದೆ. ಹೌದು, ಸೀಮೆಎಣ್ಣೆ. ಚೆನ್ನಾಗಿ ಶುದ್ಧ ಮಾಡಿದ್ದು. ಮೊದಲ ಹಂತಕ್ಕೇ ಏಳೂವರೆ ಲಕ್ಷ ಲೀಟರ್‌ಗೂ ಜಾಸ್ತಿ, ಎರಡೂವರೆ ನಿಮಿಷದಲ್ಲಿ ಖಾಲಿ. "ನಮ್ಮ ರೇಷನ್ ಅಂಗಡಿ ಕ್ಯೂ ನೆನಪಾಯ್ತು" ಅಂದರು ಅಮ್ಮ.

ಆಮೇಲೆ ಟ್ಯಾಂಕ್. ಅವರು "ಟ್ವೆಂಟಿಟು ನೈಂಟೀನ್" ಅಂದರು. ನಾನು ಅನುವಾದ ಮಾಡುವ ಮೊದಲೇ ಅಪ್ಪ ನನ್ನ ಕೈ ಹಿಡಿದರು. 2219 ಅಂದರೆ ಅಲ್ಯೂಮಿನಿಯಂನ ಒಂದು ಜಾತಿ. ಇಸ್ರೋದಲ್ಲಿ ಅತಿ ತಣ್ಣನೆಯ ಇಂಧನ ತುಂಬುವ ಕ್ರಯೋಜೆನಿಕ್ ಟ್ಯಾಂಕ್ ಕೂಡ ಅದರದ್ದೇ. ಅಪ್ಪ ಕೊನೆಯ ವರ್ಷಗಳಲ್ಲಿ ಬೆಸೆಸಿದ್ದೂ ಅದನ್ನೇ. ಆಮೇಲೆ ನನ್ನ ಅಗತ್ಯ ಬೀಳಲಿಲ್ಲ. ಅಪ್ಪನ ಇಂಗ್ಲಿಷ್ ಅಷ್ಟಕ್ಕಷ್ಟೆ, ಆದರೆ ವೆಲ್ಡ್, ಎಕ್ಸ್‌ರೇ, ಕ್ರ್ಯಾಕ್, ರಿಪೇರ್, ರಿಜೆಕ್ಟ್, ಈ ಮಾತುಗಳಿಗೆ ಅನುವಾದ ಬೇಕಿಲ್ಲವಲ್ಲ. ಬ್ರೋಷರ್ ಹಿಂದೆ ಇಬ್ಬರೂ ಚಿತ್ರ ಬರೆದರು. ಒಂದು ಜಾಗದಲ್ಲಿ ಅಪ್ಪ ತಲೆ ಅಲ್ಲಾಡಿಸಿ "ನೋ ನೋ" ಅಂತ ಅವರ ಚಿತ್ರವನ್ನೇ ತಿದ್ದಿದರು! ನಾನು ಸತ್ತೆ ಅಂದುಕೊಂಡೆ. ಆ ಅಜ್ಜ ಕನ್ನಡಕ ಸರಿ ಮಾಡಿಕೊಂಡು ನೋಡಿ, "ನಾನು ವೆಲ್ಡರ್ ಅಲ್ಲ, ಎಲೆಕ್ಟ್ರಿಕಲ್" ಅಂತ ನಕ್ಕರು. ಮುಕ್ಕಾಲು ಗಂಟೆ ಆಯಿತು. ಅಮ್ಮ ಬೆಂಚಿನ ಮೇಲೆ ಕೂತು ನಿದ್ದೆ ಹೋದರು.

ಹ್ಯೂಸ್ಟನ್ ಹುಬ್ಬಳ್ಳಿಯವರೇ, ಮೊದಲ ಹಂತ ಪರೀಕ್ಷೆಯದು ಅಂತ ಅಪ್ಪನಿಗೆ ಹೇಳಿದೆ. "ಅದನ್ನೇ ಜಾಸ್ತಿ ಹಿಂಸೆ ಮಾಡಿರ್ತಾರೆ, ಅದರ ವೆಲ್ಡೇ ನೋಡಬೇಕು" ಅಂದರು.

ಕೊನೆಗೆ ಅಟ್ಲಾಂಟಿಸ್. ಪರದೆಯ ವಿಷಯ ನಾನೂ ಹೇಳುವುದಿಲ್ಲ. ಕೆಳಗಡೆ ಅಪಘಾತದಲ್ಲಿ ನಾಶವಾದ ಎರಡು ಷಟಲ್‌ಗಳ, ಚಾಲೆಂಜರ್, ಕೊಲಂಬಿಯಾದ ನೆನಪಿನ ಜಾಗ ಇದೆ. 14 ಜನರದು ಒಂದೊಂದು ಪೆಟ್ಟಿಗೆ, ಅವರವರ ಸಾಮಾನು. ಒಳಗೆ ಕೊಲಂಬಿಯಾದ ಕಿಟಕಿಯ ಚೌಕಟ್ಟುಗಳು, ಸುಟ್ಟದ್ದು ಹಾಗೇ ಇವೆ. ಅಲ್ಲಿ ಗೈಡ್ ಇಲ್ಲ, ಯಾರೂ ವಿವರಿಸುವುದಿಲ್ಲ. ಅಮ್ಮ ಕಲ್ಪನಾ ಚಾವ್ಲಾ ಪೆಟ್ಟಿಗೆ ಹತ್ತಿರ ತುಂಬ ಹೊತ್ತು ನಿಂತರು, ಮಂಡಿ ನೋವು ಅನ್ನಲಿಲ್ಲ. ಆ ಸುದ್ದಿ ಬಂದ ದಿನ ಟಿವಿ ಮುಂದೆ ಕೂತಿದ್ದು ನನಗೂ ನೆನಪಿದೆ.

ಹಾಸನದ ಆಂಟೆನಾ

ಓದಿ ಖುಷಿಯಾಯಿತು. ಅಮ್ಮನಿಗೆ ಒಂದು ವಿಷಯ ಹೇಳಿ. 2002ರ ಸೆಪ್ಟೆಂಬರ್‌ನಲ್ಲಿ ಇಸ್ರೋ ಹಾರಿಸಿದ ಹವಾಮಾನದ ಉಪಗ್ರಹಕ್ಕೆ, ಆ ಅಪಘಾತ ಆದ ನಾಲ್ಕೇ ದಿನಕ್ಕೆ, ಕಲ್ಪನಾ-1 ಅಂತ ಹೊಸ ಹೆಸರಿಟ್ಟರು. ಟಿವಿಯಲ್ಲಿ ಮಳೆ ಸುದ್ದಿಯ ಜೊತೆ ಮೋಡದ ಚಿತ್ರ ಬರುತ್ತಿತ್ತಲ್ಲ, ಅದು ಆಗ ಅದರಿಂದಲೂ ಬರುತ್ತಿತ್ತು. ನೋಡಿಕೊಳ್ಳುತ್ತಿದ್ದದ್ದು ನಮ್ಮ ಹಾಸನದ ಎಂಸಿಎಫ್‌ನಿಂದ, ಇಸ್ರೋದ ಉಪಗ್ರಹ ನಿಯಂತ್ರಣ ಕೇಂದ್ರ ಅದು.

ಹ್ಯೂಸ್ಟನ್ ಹುಬ್ಬಳ್ಳಿ

ಅಪ್ಪನ ಮಾತಿಗೆ ನನ್ನ ಹತ್ತಿರ ಉತ್ತರ ಇಲ್ಲ. ಹ್ಯೂಸ್ಟನ್‌ಗೂ ಕರೆದುಕೊಂಡು ಬನ್ನಿ, ನಮ್ಮ ಮನೆಯಲ್ಲೇ ಇರಿ.

ಕುಡ್ಲದ ಮೀನು

ಮಾತು ಉಳಿಸಿಕೊಂಡಿರಿ ಮಾರಾಯ್ರೇ. ಆದರೆ ಮೊದಲು ಕೇಳಿದ ಪ್ರಶ್ನೆಗೆ ನೀವೇ ಉತ್ತರ ಹೇಳಲಿಲ್ಲ. ದುಡ್ಡು ಕೊಟ್ಟದ್ದು ಬೇಕಿತ್ತಾ? ಡಿಸೆಂಬರ್‌ನಲ್ಲಿ ನಾವು ಐದು ಜನ ಹೋಗುವವರಿದ್ದೇವೆ.

ಟಾಂಪಾದ ಮಂಡ್ಯದವನು

ಅಮ್ಮನಿಗೆ ಬೇಕಿತ್ತು, ಹದ್ದಿನ ಗೂಡು ಇಲ್ಲದಿದ್ದರೆ ದಿನವಿಡೀ ಮುಖ ಊದಿಸಿಕೊಳ್ಳುತ್ತಿದ್ದರು. ಕ್ರಾಲರ್ ದಾರಿಯ ಕಲ್ಲೂ ಆ ಟೂರ್‌ನಿಂದಲೇ ಸಿಕ್ಕಿದ್ದು. ಆದರೆ ಅಪ್ಪನಿಗೆ ಬೇಕಿದ್ದವರು ಪುಕ್ಕಟೆ ಸಿಕ್ಕರು. ಐದು ಜನ ಅಂದರೆ, ಪ್ರಶ್ನೆ ಕೇಳುವವರು ಇಬ್ಬರಾದರೂ ಇದ್ದರೆ ತಗೊಳ್ಳಿ. ಇಲ್ಲದಿದ್ದರೆ ಮಾಮೂಲಿ ಬಸ್ಸಿನಲ್ಲಿ ಹೋಗಿ, ಸ್ಯಾಟರ್ನ್ ಹಾಲ್‌ನಲ್ಲಿ ಬ್ಯಾಡ್ಜ್ ಹಾಕಿಕೊಂಡ ವಯಸ್ಸಾದವರು ಕಂಡರೆ ಬಿಡಬೇಡಿ, ಹಿಡಿದು ನಿಲ್ಲಿಸಿ. ಅಂದಹಾಗೆ ಹೋಗುವ ದಿನ ರಾಕೆಟ್ ಉಡಾವಣೆ ಇದೆಯಾ ಅಂತ ನೋಡಿಕೊಳ್ಳಿ. ಇದ್ದರೆ ಬಸ್ಸಿನ ದಾರಿ, ಸಮಯ ಎಲ್ಲ ಬದಲಾಗುತ್ತದೆ.

ಒರ್ಲ್ಯಾಂಡೊ ಅಕ್ಕ

ಪುಳಿಯೋಗರೆ ಎಲ್ಲಿ ತಿಂದಿರಿ, ಅದನ್ನು ಹೇಳಲೇ ಇಲ್ಲ?

ಟಾಂಪಾದ ಮಂಡ್ಯದವನು

ಸಂಜೆ ಪಾರ್ಕಿಂಗ್‌ನಲ್ಲಿ, ಕಾರಿನ ಡಿಕ್ಕಿ ತೆಗೆದು. ಮಳೆ ಬಂತು, ಡಿಕ್ಕಿ ಬಾಗಿಲ ಕೆಳಗೇ ನಾಲ್ಕು ಜನ ನಿಂತು ತಿಂದೆವು. ಆ ಬ್ರೋಷರ್ ಮೇಲೆ ಎಣ್ಣೆ ಬೀಳದಿರಲಿ ಅಂತ ಅಪ್ಪ ಅದನ್ನು ಅಂಗಿ ಒಳಗೆ ಸೇರಿಸಿಕೊಂಡಿದ್ದರು.